ತೆರೆಯ ಮೇಲೆ ಮಗಳು ಬಂದಳು

ಔಗಡೂಗು,
ಡಿಸೆಂಬರ್ ೧೪

ನನ್ನ ನೋಪೋಕೊ,

ಹೇಗಿದ್ದೀಯ ತಾಯಿ? ನಿನ್ನ ಗಂಡ, ಅತ್ತೆ, ಕೊಟ್ಟಿಗೆಯ ಮೇಕೆಗಳು ಎಲ್ಲ ಕ್ಷೇಮವೇ? ಮಳೆ ನಿಂತ ಕೂಡಲೇ ಬರೆಯಬೇಕೆಂದಿದ್ದವಳು ದೂಳುಗಾಳಿ ಶುರುವಾದ ಮೇಲೆ ಕೂತಿದ್ದೇನೆ. ಬೇಸರ ಮಾಡಿಕೊಳ್ಳಬೇಡ. ಈ ಆಶ್ರಯಧಾಮಕ್ಕೆ ಬಂದ ಮೇಲೆ ಅಕ್ಷರ ಕಲಿತ ಮುದಿ ಕೈ ಇದು. ಒಂದು ಸಾಲು ಬರೆಯುವಷ್ಟರಲ್ಲಿ ಬುಟ್ಟಿ ಹತ್ತಿ ನೂತು ಮುಗಿಸಬಹುದು. ನಿನ್ನ ಮನೆಯವರ ಕೈಗೆ ಸಿಗದಿರಲೆಂದು ನೀನು ಪಾಠ ಹೇಳುವ ಶಾಲೆಗೇ ಕಳಿಸುತ್ತಿದ್ದೇನೆ.

ಸುದ್ದಿಯೆಂದರೆ, ನಾನು ಸಿನಿಮಾದಲ್ಲಿ ನಟಿಸಿದ್ದೇನೆ. ನಗಬೇಡ. ಕಳೆದ ವಾರ ರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅದನ್ನು ತೋರಿಸಿದರು.

ಸಿನಿಮಾ ಮಾಡುವ ಹುಡುಗಿಯ ಹೆಸರು ಕಿಸ್ವೆಂಡ. ಮಾಟಗಾತಿ ಎಂದು ಊರಿನವರು ಓಡಿಸಿದ ಮುದುಕಿಯೊಬ್ಬಳ ಕಥೆ ಅವಳದು. ಪಟ್ಟಣದ ನಟಿಯರು ಆ ಪಾತ್ರಕ್ಕೆ ಒಪ್ಪಲಿಲ್ಲವಂತೆ, ಎಲ್ಲಿ ಆ ಹೆಸರು ತಮಗೇ ಅಂಟಿಕೊಂಡೀತೋ ಎಂಬ ಭಯ. ಹುಡುಕುತ್ತ ನಮ್ಮಲ್ಲಿಗೆ ಬಂದಳು. ನನ್ನ ಪಕ್ಕದ ಚಾಪೆಯ ತಲ್ಲಾತೊ ಬಾಯಿಬಡುಕಿ. "ಸರಿಯಾದ ಅಂಗಡಿಗೇ ಬಂದಿದ್ದೀಯ ಬಿಡು ಮಗಳೇ! ಇಲ್ಲಿರೋರೆಲ್ಲ ಹೆಸರು ಅಂಟಿಸ್ಕೊಂಡೇ ಬಂದೋರು. ಯಾವಳು ಬೇಕೋ ಆರಿಸ್ಕೋ" ಎಂದು ನನ್ನನ್ನೇ ಮುಂದಕ್ಕೆ ತಳ್ಳಿದಳು.

ನಿನ್ನ ಚಿಕ್ಕಪ್ಪನ ಮಗ ಜ್ವರದಲ್ಲಿ ತೀರಿಕೊಂಡದ್ದನ್ನು ಕಿಸ್ವೆಂಡಳಿಗೆ ಹೇಳಿದೆ. ಹೆಣ ಹೊತ್ತವರು ತೂರಾಡುತ್ತ ಬಂದು ನನ್ನ ಬಾಗಿಲಲ್ಲೇ ನಿಂತದ್ದು, ಸತ್ತವನೇ ತನ್ನನ್ನು ಕೊಂದವಳ ಮನೆ ತೋರಿಸಿಕೊಟ್ಟ ಎಂದು ಊರೆಲ್ಲ "ಪ್ರಾಣ ತಿನ್ನೋಳು" ಎಂದು ಕೂಗಿದ್ದು, ಆ ಮಗುವಿಗೆ ಹಿಂದಿನ ದಿನ ನಾನೇ ಗಂಜಿ ಕುಡಿಸಿದ್ದು, ಎಲ್ಲವನ್ನೂ. ಅವಳು ಬರೆದುಕೊಳ್ಳುವುದನ್ನು ಬಿಟ್ಟು ಪೆನ್ನು ಕೆಳಗಿಟ್ಟಳು.

ನಾವಿಬ್ಬರೂ ಜಗಳವಾಡಿದ್ದು ಕೊನೆಯ ದೃಶ್ಯಕ್ಕೆ. ಮುದುಕಿಯ ಮಗಳು ಮೊಪೆಡ್ಡಿನಲ್ಲಿ ಬಂದು, "ಏಳವ್ವ, ಮನೆಗೆ ಹೋಗೋಣ" ಎಂದು ಹಿಂದೆ ಕೂರಿಸಿಕೊಂಡು ಹೋಗುತ್ತಾಳೆ.

"ಹಂಗೆಲ್ಲ ಆಗಲ್ಲಮ್ಮ" ಎಂದೆ. "ಕರ್ಕೊಂಡು ಹೋದ್ರೆ ಆ ಹುಡುಗೀನೂ ಮನೆಯಿಂದ ಆಚೆ ಹಾಕ್ತಾರೆ. ಅವಳ ಸಂಸಾರ ಏನಾಗ್ಬೇಕು?"

"ಸಿನಿಮಾದಲ್ಲಾದ್ರೂ ಆಗ್ಲಿ ಅಜ್ಜಿ" ಎಂದಳು.

ಆಗಲಿ ಎಂದು ಮೊಪೆಡ್ ಹತ್ತಿದೆ. ಮಗಳ ಪಾತ್ರದವಳ ಸೊಂಟ ಹಿಡಿದುಕೊಳ್ಳಬೇಕಿತ್ತು. ಅವಳ ಮೈಯಿಂದ ಸೆಂಟಿನ ವಾಸನೆ ಬರುತ್ತಿತ್ತು. ಒಳ್ಳೆಯ ಹುಡುಗಿಯೇ. ಆದರೂ ನನ್ನ ಕೈ ಅವಳನ್ನು ಹಿಡಿಯಲೇ ಇಲ್ಲ. ನಾಲ್ಕು ಸಲ ತೆಗೆಯಬೇಕಾಯಿತು.

ಉತ್ಸವದ ದಿನ ನಮ್ಮೆಲ್ಲರನ್ನೂ ವ್ಯಾನಿನಲ್ಲಿ ಕರೆದೊಯ್ದರು. ಸಭಾಂಗಣ ತುಂಬಿತ್ತು. ನನ್ನ ಮುಖ ಗುಡಿಸಲಿನಷ್ಟು ದೊಡ್ಡದಾಗಿ ಕಾಣಿಸಿದಾಗ ನಾಚಿಕೆಯಿಂದ ತಲೆ ತಗ್ಗಿಸಿದೆ. ತಲ್ಲಾತೊ ಮಾತ್ರ ಊರಿನವರು ಕಲ್ಲೆತ್ತಿದಾಗ ತೆರೆಯ ಕಡೆ ಕೈ ಬೀಸಿ, "ಥೂ, ನಿಮ್ಮ ಕೈ ಸೇದಿಹೋಗ!" ಎಂದು ಬೈದಳು. ಜನ ನಕ್ಕರು. ಮೊಪೆಡ್ ಬಂದಾಗ ಎಲ್ಲರೂ ಅತ್ತರು. ನನ್ನನ್ನು ವೇದಿಕೆಗೆ ಕರೆದರು. ಅಷ್ಟು ದೊಡ್ಡ ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ನಮ್ಮೂರಿನಲ್ಲಿ ಒಬ್ಬರಾದರೂ ಹೀಗೆ ನನಗಾಗಿ ಎದ್ದು ನಿಂತಿದ್ದರೆ ಎನಿಸಿತು.

ಕೆಳಗೆ ಇಳಿದಾಗ ಜರಿಯಂಚಿನ ಉಡುಪಿನ ಹೆಂಗಸೊಬ್ಬಳು ಅಳುತ್ತಲೇ ನನ್ನ ಎರಡೂ ಕೈ ಹಿಡಿದುಕೊಂಡಳು. "ಎಷ್ಟು ಚೆನ್ನಾಗಿ ಮಾಡಿದ್ರಿ ಅಜ್ಜಿ! ಮುಂಚೆ ಯಾವ ನಾಟಕದಲ್ಲಿ ಇದ್ರಿ?"

"ನಾಟಕ ಎಲ್ಲಿಂದ ಬಂತು!" ಎಂದಳು ತಲ್ಲಾತೊ. "ಇವಳ್ನ ನಿಜವಾಗ್ಲೂ ಓಡಿಸಿದ್ದು. ನನ್ನನ್ನೂ ಅಷ್ಟೆ."

ಆ ಕೈಗಳು ಮೀನಿನಂತೆ ಜಾರಿಕೊಂಡವು. ಹಿಂದೆ ನಿಂತಿದ್ದ ತನ್ನ ಮಗಳನ್ನು ಸೆರಗಿನೊಳಗೆ ಎಳೆದುಕೊಂಡು, "ಹೊತ್ತಾಯ್ತು" ಎಂದು ಹೊರಟುಹೋದಳು. ಅವಳ ಕೆನ್ನೆಯ ಮೇಲಿನ ಕಣ್ಣೀರು ಇನ್ನೂ ಆರಿರಲಿಲ್ಲ.

ಕಿಸ್ವೆಂಡ ಕಂಗಾಲಾದಳು. "ತಪ್ಪು ಮಾಡಿದೆನಾ ಅಜ್ಜಿ?" ಎಂದು ಕೇಳಿದಳು. "ಇಲ್ಲಮ್ಮ, ಕತ್ತಲಲ್ಲಿ ಕೂತಿದ್ದಷ್ಟು ಹೊತ್ತು ಅವರು ಒಳ್ಳೆಯವರಾಗಿದ್ರು, ಅದೂ ದೊಡ್ಡದೇ" ಎಂದೆ. ಅವಳಿಗೆ ಸಮಾಧಾನ ಹೇಳಿದೆ, ಅಷ್ಟೆ. ನನಗೇ ಸಮಾಧಾನವಿರಲಿಲ್ಲ.

ನೀನು ನನ್ನ ಬಗ್ಗೆ ಚಿಂತಿಸಬೇಡ. ಊಟಕ್ಕೆ ಕೊರತೆಯಿಲ್ಲ. ಬೆಂಡೆಯ ಸಾರು ಮಾತ್ರ ಇವರಿಗೆ ಬರುವುದಿಲ್ಲ. ಗಂಡನ ಮನೆಯಲ್ಲಿ ಎದುರು ಮಾತನಾಡದೆ ಬಾಳು. ದೇವರು ನಿನ್ನ ಅಂಗಳವನ್ನು ತಂಪಾಗಿಡಲಿ, ನಿನ್ನ ಮಡಕೆ ಬರಿದಾಗದಿರಲಿ.

ನಿನ್ನ ಅವ್ವ,
ಲಾಮೂಸ

ಮರೆತ ಮಾತು: ಉತ್ಸವದ ದಿನ ನೀನು ಬಂದಿದ್ದೆ. ಗೇಟಿನಾಚೆ, ಕಡಲೆಕಾಯಿ ಮಾರುವವಳ ಹಿಂದೆ ನಿಂತಿದ್ದೆ. ಮುಖ ಮುಚ್ಚಿಕೊಂಡಿದ್ದರೂ ತಾಯಿಗೆ ತಿಳಿಯದೇ? ನಿನ್ನ ನಾದಿನಿ ಪಕ್ಕದಲ್ಲೇ ಇದ್ದಳು. ನೀನು ನನ್ನ ಕಡೆ ಒಂದು ಹೆಜ್ಜೆ ಇಟ್ಟೆ. ಅವಳು ನೋಡಿಬಿಟ್ಟಾಳೆಂದು ನಾನೇ ಬೆನ್ನು ತಿರುಗಿಸಿ, ತಲ್ಲಾತೊಳ ಜೊತೆ ಜೋರಾಗಿ ನಗುತ್ತ ವ್ಯಾನ್ ಹತ್ತಿದೆ. ಅವ್ವ ನನ್ನನ್ನು ಗುರುತಿಸಲಿಲ್ಲ ಎಂದು ನೊಂದುಕೊಂಡಿರಬೇಡ. ಇನ್ನೊಂದು ಗಳಿಗೆ ನಿಲ್ಲಬೇಕಿತ್ತು ಎಂದು ಅವತ್ತಿನಿಂದ ಕೊರಗುತ್ತಿದ್ದೇನೆ. ನಿನ್ನ ಬೆನ್ನ ಮೇಲೆ ಒಂದು ಮಗು ಮಲಗಿತ್ತು. ನಿನಗೆ ಮಗುವಾಗಿದೆ ಎಂದು ನನಗೆ ಯಾರೂ ಹೇಳಿರಲಿಲ್ಲ. ಬೇರೇನೂ ಬರೆಯಬೇಡ. ಅದರ ಹೆಸರೊಂದನ್ನು ಬರೆದು ಕಳಿಸು.