ಹೆಲ್ಗಾ ಅತ್ತಿಗೆಯ ಒಂದು ಲೋಟ ನೀರು

ಪ್ರೀತಿಯ ಹೆಲ್ಗಾ ಅತ್ತಿಗೆ,

ಮ್ಯೂನಿಕ್‌ನಿಂದ ಬರುತ್ತಿದ್ದ ಆ ದಪ್ಪ ಲಕೋಟೆಗಳು ನೆನಪಿವೆಯೇ? ಸ್ಯಾನ್ ಮಟಿಯೋದ ನಮ್ಮ ಊಟದ ಮೇಜಿನ ಮೇಲೆ ಅವನ್ನು ಹರಡಿಕೊಂಡು, ಬೇರೆಯವರ ಚಿತ್ರಕಥೆಗಳ ಕುಂಟು ಮಾತುಗಳನ್ನೆಲ್ಲ ನೆಟ್ಟಗೆ ಮಾಡುತ್ತಿದ್ದಿರಿ. ಮೂವತ್ತು ವರ್ಷ ಅದೇ ಕೆಲಸ; ಒಂದು ಜರ್ಮನ್ ಸಿನಿಮಾದಲ್ಲೂ ನಿಮ್ಮ ಹೆಸರು ಬರಲಿಲ್ಲ. ಕೇಳಿದರೆ ನಿಮ್ಮ ಅರ್ಧಂಬರ್ಧ ಕನ್ನಡದಲ್ಲಿ ನಗುತ್ತಿದ್ದಿರಿ: "ಟೈಲರು ಹೆಸರು ಅಂಗಿ ಮೇಲೆ ಬರೀತಾನಾ, ಸರಸು?" ಅಡುಗೆಮನೆಯಿಂದ ನಮ್ಮಮ್ಮ ಬಿಡುತ್ತಿರಲಿಲ್ಲ: "ಕಾಲರಿನ ಒಳಗೆ ಚೀಟಿ ಹೊಲಿದಿರ್ತಾನಲ್ಲಮ್ಮ!"

ಆ ಚೀಟಿ ನನಗೆ ಸಿಕ್ಕಿತು. ಅದಕ್ಕೇ ಈ ಕಾಗದ.

ನೀವು ಏರ್‌ಪೋರ್ಟಿಗೆ ಹೊರಟು, ಕನ್ನಡಕ ಮರೆತು ವಾಪಸ್ ಬಂದ ದಿನ... ಹೊರಗೆ ಅಣ್ಣ ಹಾರ್ನ್ ಹೊಡೆಯುತ್ತಿದ್ದ. ಅಮ್ಮ ಕೈ ಹಿಡಿದು ಕೂರಿಸಿದರು. "ಹೊರಟವರು ತಿರುಗಿ ಬಂದ್ರೆ ಹಾಗೇ ಹೋಗಬಾರ್ದು. ಕೂತು, ನೀರು ಕುಡಿದು ಹೋಗು." ನೀವು ಕುಡಿಯುವಷ್ಟು ಹೊತ್ತಿನಲ್ಲೇ ಹೇಳಿಬಿಟ್ಟರು, ನಿಮ್ಮ ಮದುವೆಗೆ ಬರದೆ ತಪ್ಪು ಮಾಡಿದೆ ಅಂತ. ಅಷ್ಟು ವರ್ಷ ಬಾಯಿಗೆ ಬಾರದ ಮಾತು!

ಮುಂದೆ ನೀವು ತಿದ್ದಿದ ಸಿನಿಮಾದಲ್ಲಿ, ಮನೆ ಬಿಟ್ಟು ಹೊರಟ ಗಂಡ ಟೋಪಿ ಮರೆತು ತಿರುಗಿ ಬರುತ್ತಾನೆ. ಹೆಂಡತಿ ಕುರ್ಚಿ ಎಳೆದು ನೀರು ಕೊಡುತ್ತಾಳೆ. ಕುಡಿದು ಮುಗಿಸುವಷ್ಟರಲ್ಲಿ ಅವನು ನಿಜ ಹೇಳುತ್ತಾನೆ. ಜನ ನಿರ್ದೇಶಕರನ್ನು ಹೊಗಳಿದರು. ನೀವೂ ಚಪ್ಪಾಳೆ ತಟ್ಟಿದಿರಿ. ನನಗೆ ಮಾತ್ರ ಅಲ್ಲಿ ಕಂಡದ್ದು ಅಮ್ಮ ಕೊಟ್ಟ ಲೋಟ.

ನೀವು ತೀರಿಕೊಂಡಿರಿ, ಈಗ ಆ ನಿರ್ದೇಶಕರೂ ಇಲ್ಲ. ಮೆನ್ಲೋ ಪಾರ್ಕಿನಲ್ಲಿರುವ ಅವರ ಮಗಳು ಆ ಚಿತ್ರದ ಹೊಸ ಪ್ರತಿ ಮಾಡಿಸುತ್ತಿದ್ದಾಳೆ. ನಿಮ್ಮ ಹೆಸರು ಸೇರಿಸಲು ಇದೇ ಕೊನೆಯ ಅವಕಾಶ. ತಿದ್ದಿದ ಹಾಳೆಗಳನ್ನೆಲ್ಲ ನೀವು ವಾಪಸ್ ಕಳಿಸಿಬಿಡುತ್ತಿದ್ದಿರಿ, ಸಾಕ್ಷಿಗೆ ನನ್ನ ಬಳಿ ಒಂದೂ ಇಲ್ಲ. ಆದರೂ ಮೊಮ್ಮಗಳು ನಿಧಿಯನ್ನು ಹೊರಡಿಸಿದೆ. "ಅಜ್ಜಿ, ಪ್ಲೀಸ್, ನೋ ಫೈಟಿಂಗ್," ಅಂದಳು ಫ್ರೀವೇ ಉದ್ದಕ್ಕೂ. ನಾನು ಜಗಳ ಆಡುವವಳೇ?

"ಆ ದೃಶ್ಯ ಅಪ್ಪನಿಗೆ ಕನಸಲ್ಲಿ ಬಂದಿದ್ದಂತೆ," ಎಂದಳು ನಿರ್ದೇಶಕರ ಮಗಳು, ತನ್ನ ಮನೆಯಲ್ಲಿ ನಮ್ಮನ್ನು ಕೂರಿಸಿಕೊಂಡು. ನನಗೆ ಬರುವ ಇಂಗ್ಲಿಷಿನಲ್ಲೇ ಕೇಳಿದೆ: "ನಿಮ್ಮನೇಲಿ ಯಾರಾದ್ರೂ ಹಾಗೆ ನೀರು ಕೊಡ್ತಿದ್ರಾ?" ಇಲ್ಲವೆಂದಳು. "ನಮ್ಮನೇಲಿ ಕೊಡ್ತೀವಿ," ಎಂದು ಅಮ್ಮನ ಕಥೆ ಪೂರ್ತಿ ಹೇಳಿದೆ. ಆಕೆ ಹೋಗಿ ಬಾಗಿಲು ತೆಗೆದಳು. ಎದ್ದು ಬಂದೆವು.

ಕಾರಿನ ಹತ್ತಿರ ಬಂದು ನೋಡಿದರೆ ಶಾಲು ಅಲ್ಲೇ ಬಿಟ್ಟಿದ್ದೆ. ಬೇಕಂತಲೇ ಬಿಟ್ಟೆ ಎಂಬುದು ನಿಧಿಯ ವಾದ. ತಿರುಗಿ ಹೋಗಿ ಬಾಗಿಲು ತಟ್ಟಿದೆ. ಆಕೆ ಶಾಲು ಕೊಡಲಿಲ್ಲ. ಕುರ್ಚಿ ಎಳೆದಳು. ಒಳಗೆ ಹೋಗಿ ಒಂದು ಲೋಟ ನೀರು ತಂದಳು. ನಾನು ಅರ್ಧ ಕುಡಿದಿದ್ದೆ.

"ಅಪ್ಪ ಯಾವತ್ತೂ ಕನಸಿನ ಮಾತೇ ಆಡಿದವರಲ್ಲ," ಎಂದಳು. "ಅದೊಂದನ್ನು ಬಿಟ್ಟು. ಆ ದೃಶ್ಯ ಅವರದ್ದಲ್ಲ ಅನ್ಸುತ್ತೆ. ನಿಮ್ಮ ಅತ್ತಿಗೆಯ ಪೂರ್ತಿ ಹೆಸರು ಹೇಳಿ, ಬರ್ಕೊಳ್ತೀನಿ."

ಹೇಳಿದೆ, ಅತ್ತಿಗೆ. ನಿಮ್ಮ ತವರಿನ ಹೆಸರು, ನಮ್ಮ ಮನೆತನದ ಹೆಸರು, ಎರಡೂ ಸೇರಿಸಿ. ಸಿನಿಮಾ ತೋರಿಸುವ ದಿನ ನಿಮ್ಮ ಹೆಸರು ತೆರೆಯ ಮೇಲೆ ಬರುವವರೆಗೆ ಒಬ್ಬರನ್ನೂ ಎದ್ದೇಳಲು ಬಿಡುವುದಿಲ್ಲ.

ನಿಮ್ಮ ನಾದಿನಿ,
ಸರಸು