ಗಡಿಯಾರಕ್ಕೆ ಉಂಗುರ ಹಾಕಿದವರು

ವಿಟ್ಬಿ
ಗುರುವಾರ, 20 ಏಪ್ರಿಲ್ 1978

ನನ್ನ ಆರ್ನಾಲ್ಡ್‌ಗೆ,

ನಿನ್ನ ಕಾಗದ ಸೋಮವಾರ ಕೈಸೇರಿತು. ಎರಡೇ ಎರಡು ಪುಟ, ಅದರಲ್ಲೂ ಅರ್ಧ ಪುಟ ಹವಾಮಾನ. ಮೂವತ್ತೊಂದು ವರ್ಷ ಸಂಸಾರ ಮಾಡಿದ ಹೆಂಡತಿಗೆ ಬರೆಯುವಾಗಲೂ ನಿನ್ನದು ಠಾಣೆಯ ಭಾಷೆಯೇ. ‘ಮೇಲ್ಕಂಡ ವಿಷಯಕ್ಕೆ ಸಂಬಂಧಿಸಿದಂತೆ’ ಎಂದು ಒಂದು ಕಡೆ ಬರೆದಿದ್ದೀಯಲ್ಲ, ಮಾರಾಯ! ಅಕ್ಕ ಡೋರಿಸ್ ಅದನ್ನು ಗಟ್ಟಿಯಾಗಿ ಓದಿ ನಕ್ಕಳು. ನಾನೂ ನಕ್ಕೆ. ಆಮೇಲೆ ಪಾತ್ರೆ ತೊಳೆಯುವ ನೆಪದಲ್ಲಿ ಒಳಗೆ ಹೋಗಿ ಚೆನ್ನಾಗಿ ಅತ್ತುಬಿಟ್ಟೆ.

ಬರುವ ಮಂಗಳವಾರ ವಿಚಾರಣಾ ಸಮಿತಿಯ ಮುಂದೆ ಎದ್ದು ನಿಂತು, ರೇಮಂಡ್ ಲಂಬ್‌ನನ್ನು ಬಿಟ್ಟದ್ದು ನಾನೇ, ತಪ್ಪೆಲ್ಲ ನನ್ನದೇ, ಇನ್ಸ್‌ಪೆಕ್ಟರ್ ಹಾಲ್‌ರಾಯ್ಡ್‌ನದು ಏನೂ ಇಲ್ಲ ಎಂದು ಹೇಳಿ ರಾಜೀನಾಮೆ ಕೊಡುತ್ತೇನೆಂದು ಬರೆದಿದ್ದೀಯ. ಕೊನೆಗೆ, ‘ನೀನು ಬಿಟ್ಟು ಹೋದದ್ದು ಸರಿಯೇ ನೋರಾ, ಇಂಥವನ ಹೆಂಡತಿ ಎನಿಸಿಕೊಳ್ಳಲು ಯಾರಿಗೆ ಮನಸ್ಸಾದೀತು’ ಎಂಬ ಮಾತು. ಅದೊಂದು ಸಾಲನ್ನು ಈ ಮೂರು ದಿನಗಳಲ್ಲಿ ಎಷ್ಟು ಸಲ ಓದಿದೆನೋ ಲೆಕ್ಕವಿಲ್ಲ. ನಿನ್ನ ಬಗ್ಗೆ ನಾಚಿಕೆಪಟ್ಟು ನಾನು ಮನೆ ಬಿಟ್ಟೆ ಎಂದು ನೀನು ತಿಳಿದುಕೊಂಡಿದ್ದೀಯ. ಮೂರು ತಿಂಗಳು ನಾನೂ ಹಾಗೇ ತಿಳಿದುಕೊಳ್ಳಲು ಬಿಟ್ಟೆ. ಅದು ಸುಳ್ಳು.

ನಿನ್ನ ಬಗ್ಗೆ ನನಗೆ ಒಂದು ದಿನವೂ ನಾಚಿಕೆಯಾಗಲಿಲ್ಲ. ಆ ಪೇಪರಿನವರು ನಿನ್ನ ಟೋಪಿಯ ಮೇಲೆ ಪಾರಿವಾಳ ಕೂರಿಸಿ ಚಿತ್ರ ಬರೆದಾಗ ಆದದ್ದು ಸಿಟ್ಟು. ಮಿಲ್ಲಿಗೆ ಬೆಂಕಿ ಬಿದ್ದಾಗ ಇಬ್ಬರು ನೂಲುವ ಹುಡುಗಿಯರನ್ನು ಹೊಗೆಯೊಳಗಿಂದ ಎಳೆದು ತಂದವನು ನೀನು. ಗಣಿ ಮುಷ್ಕರದ ಚಳಿಗಾಲದಲ್ಲಿ ಲಾಠಿ ಎತ್ತಬೇಡಿ ಎಂದು ನಿನ್ನವರನ್ನೇ ತಡೆದವನು ನೀನು. ಬೀದಿ ಸುತ್ತುವ ಪೊಲೀಸಪ್ಪನಿಂದ ಇಡೀ ಜಿಲ್ಲೆಯ ಮುಖ್ಯಸ್ಥನಾದ ಗಣಿ ಕೆಲಸದವನ ಮಗ. ಕೋಲ್ಬೆಕ್ ಊರಿಗೆ ಈಗ ಅದು ಯಾವುದೂ ನೆನಪಿಲ್ಲ. ನಾಲ್ಕು ಹೆಂಗಸರನ್ನು ಕೊಂದವನು ಕೈಗೆ ಸಿಕ್ಕಾಗ ಬಿಟ್ಟುಕೊಟ್ಟವನು ಎಂಬುದಷ್ಟೇ ನೆನಪು.

ಈಗ ಕೇಳು. ಹೋದ ಜೂನಿನ ಆ ಭಾನುವಾರದ ಊಟ ನಿನಗೆ ನೆನಪಿರಬೇಕು. ಮೂರನೆಯವಳು ಕಾಲುವೆ ದಾರಿಯಲ್ಲಿ ಹೆಣವಾಗಿ ಸಿಕ್ಕಿ ಎಂಟು ದಿನವಾಗಿತ್ತು. ನೀನು ಎಷ್ಟೋ ದಿನದ ಮೇಲೆ ಮನೆಯಲ್ಲಿ ಕೂತು ಉಣ್ಣುತ್ತಿದ್ದೆ, ಎದುರಿಗೆ ನಿಮ್ಮಪ್ಪ. ಕಾಲುವೆ ಸೇತುವೆಯ ಹತ್ತಿರ ಯಾವನದೋ ವ್ಯಾನು (ಅವನೇ ಲಂಬ್ ಎಂದು ನನಗೆ ತಿಳಿದದ್ದು ನವೆಂಬರಿನಲ್ಲಿ) ಕಂಡಿತ್ತಂತೆ, ಅವನನ್ನು ಇನ್ನೊಮ್ಮೆ ಕರೆಸಬೇಕೆಂದು ಹಾಲ್‌ರಾಯ್ಡ್ ಹಟ ಹಿಡಿದಿದ್ದನಂತೆ. ಆದರೆ ಆ ಮನುಷ್ಯ ಪಂದ್ಯದ ಪಾರಿವಾಳ ಸಾಕುವವನು, ಕೊಲೆಯಾದ ಶನಿವಾರ ಪಂದ್ಯವಿತ್ತು, ಸರಿಯಾಗಿ ಅದೇ ಹೊತ್ತಿಗೆ, ನಾಲ್ಕು ಗಂಟೆ ಹದಿನೇಳು ನಿಮಿಷಕ್ಕೆ ಅವನ ಹಕ್ಕಿ ಗೂಡಿಗೆ ಬಂದದ್ದು ಕ್ಲಬ್ಬು ಮೊಹರು ಹಾಕಿ ಮನೆಗೆ ಕೊಟ್ಟ ಗಡಿಯಾರದಲ್ಲೇ ಅಚ್ಚಾಗಿತ್ತು. ನೀನು ಫೋರ್ಕು ಎತ್ತಿ ಹೇಳಿದ್ದು ಈಗಲೂ ಕಿವಿಯಲ್ಲಿದೆ. “ಹಾಲ್‌ರಾಯ್ಡ್ ಪಟ್ಟಣದೋನು, ಅವ್ನಿಗೇನು ಗೊತ್ತು? ಹಕ್ಕಿ ದಾರಿ ಕಾಯ್ತಾ ಕೂತ ಗಂಡ್ಸು, ಮನೆಗೆ ಬೆಂಕಿ ಬಿದ್ರೂ ಗೂಡು ಬಿಟ್ಟು ಏಳಲ್ಲ ಕಣೇ. ಅನುಮಾನದ ಪಟ್ಟೀಲಿದ್ದ ಅವ್ನ ಚೀಟಿ ನಾನೇ ಹೊಡೆದುಹಾಕ್ದೆ.”

ನಿಮ್ಮಪ್ಪ ತಟ್ಟೆಯಿಂದ ತಲೆಯೆತ್ತಿ ನನ್ನ ಮುಖ ನೋಡಿದರು. ನಾನು ನಿನಗೆ ಇನ್ನೆರಡು ಆಲೂಗಡ್ಡೆ ಬಡಿಸಿದೆ.

ಅವರು ಯಾಕೆ ನೋಡಿದರು ಎಂದು ಹೇಳುತ್ತೇನೆ. ಹದಿನೇಳು ವರ್ಷದ ಹಿಂದೆ ಒಂದು ಶನಿವಾರ ನಿನಗೆ ಡ್ಯೂಟಿ ಬಿತ್ತು. ನಿನ್ನ ಹಕ್ಕಿಗಳನ್ನು ನಿಮ್ಮಪ್ಪನೇ ಕಾಯಬೇಕಿತ್ತು, ಕ್ಲಬ್ಬಿನ ಪುಸ್ತಕದಲ್ಲಿ ನಿನ್ನ ಜೊತೆ ಅವರ ಹೆಸರಿತ್ತು. ನಾನು ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದೆ. ಹಕ್ಕಿ ಇಳಿಯಿತು. ಕಾಲಿನ ರಬ್ಬರ್ ಉಂಗುರ ಬಿಚ್ಚಿ ಗಡಿಯಾರದ ತೂತಿಗೆ ಹಾಕಿ ಕೀಲಿ ತಿರುಗಿಸಿದರೆ ಬಂದ ಹೊತ್ತು ಅಚ್ಚಾಗುತ್ತದೆ, ಅಷ್ಟೇ ತಾನೇ. ನಲವತ್ತು ವರ್ಷ ಕಲ್ಲಿದ್ದಲು ಒಡೆದ ಆ ಕೈಗಳಿಗೆ ಅದು ಆಗಲಿಲ್ಲ. ಬೆರಳು ನಡುಗಿ ಉಂಗುರ ಎರಡು ಸಲ ನೆಲಕ್ಕೆ ಬಿತ್ತು. ಮೂರನೇ ಸಲ ಅವರ ಕಣ್ಣಲ್ಲಿ ನೀರು ಬಂತು. ನಾನು ಕ್ಲಿಪ್ಪುಗಳನ್ನು ಬಾಯಲ್ಲಿ ಕಚ್ಚಿಕೊಂಡೇ ಹೋಗಿ ಉಂಗುರ ಹಾಕಿ ಕೀಲಿ ತಿರುಗಿಸಿದೆ. “ಆರ್ನಾಲ್ಡ್‌ಗೆ ಹೇಳ್ಬೇಡ ಕಣಮ್ಮ, ನನ್ನ ಹೆಸರು ಕ್ಲಬ್ಬಿಂದ ತೆಗೀತಾರೆ” ಅಂದರು. ಅಲ್ಲಿಂದ ಮುಂದೆ ನಿನಗೆ ಡ್ಯೂಟಿ ಬಿದ್ದ ಪಂದ್ಯಗಳಿಗೆಲ್ಲ ಉಂಗುರ ಹಾಕಿದವಳು ನಾನೇ. ಅರವತ್ತಮೂರರಲ್ಲಿ ನೀವು ಅಪ್ಪ ಮಗ ಗೆದ್ದ ಬೆಳ್ಳಿ ಕಪ್ಪು ಸಹ ನನ್ನ ಕೈಯ ಗೆಲುವು. ಬಹುಮಾನದ ದಿನ ಗಂಡಸರಿಗೆ ಸ್ಯಾಂಡ್‌ವಿಚ್ ಮಾಡಿಕೊಟ್ಟು ಹಿಂದಿನ ಬಾಗಿಲಿಂದ ಮನೆಗೆ ಬಂದವಳೂ ನಾನೇ!

ನಾನೊಬ್ಬಳೇ ಎಂದುಕೊಳ್ಳಬೇಡ. ಪಕ್ಕದ ಮನೆ ಮಿಸೆಸ್ ಹರ್ಸ್ಟ್‌ಳ ಗಂಡ ಹಕ್ಕಿ ಕಾಯುತ್ತಿದ್ದದ್ದು ಪಬ್ಬಿನ ಬೆಂಚಿನ ಮೇಲೆ. ಏಡಾಳ ಗಂಡ ಕಾಯುತ್ತಿದ್ದದ್ದು ಕ್ರಿಕೆಟ್ ಮೈದಾನದಲ್ಲಿ. ಗೂಡಿನ ಹತ್ತಿರ ನಿಂತವರು ಹೆಂಗಸರು. ಬಟ್ಟೆ ಒಣಹಾಕುವಾಗ ಇದನ್ನೇ ಹೇಳಿಕೊಂಡು ಬಿದ್ದು ಬಿದ್ದು ನಗುತ್ತಿದ್ದೆವು. “ನಮ್ಮನೆ ಯಜಮಾನ್ರಿಗೆ ನಿನ್ನೆ ಎರಡನೇ ಸ್ಥಾನ ಬಂತಂತೆ, ನಂಗೆ ಈಗಷ್ಟೇ ತಿಳೀತು” ಎನ್ನುತ್ತಿದ್ದಳು ಏಡಾ. ಹೆಂಗಸು ಗಡಿಯಾರ ಮುಟ್ಟಬಾರದು ಎಂಬ ನಿಯಮ ಬರೆದ ಗಂಡಸರಿಗೆ, ಅದು ಯಾರ ಕೈಯಲ್ಲಿದೆ ಎಂದು ನೋಡಲು ಪುರುಸೊತ್ತಿರಲಿಲ್ಲ. ನಿನ್ನ ಪೊಲೀಸರು ಹನ್ನೊಂದು ಸಾವಿರ ಮನೆ ಬಾಗಿಲು ತಟ್ಟಿದರಂತೆ. ಲಂಬ್‌ನ ಮನೆಯಲ್ಲಿ ಅವನನ್ನು ಗಡಿಯಾರದ ಬಗ್ಗೆ ಕೇಳಿದರು, ಅವನ ಹೆಂಡತಿಯನ್ನು ಚಹಾ ಕೇಳಿದರು. ಗಡಿಯಾರವೇ ಸಾಕ್ಷಿ ಹೇಳಿದ ಮೇಲೆ ಅವಳನ್ನು ಕೇಳುವುದೇನು ಎಂದುಕೊಂಡಿರಬೇಕು.

ಆ ಭಾನುವಾರ ಆಲೂಗಡ್ಡೆ ಬಡಿಸುವಾಗಲೇ ನನಗೆ ಗೊತ್ತಿತ್ತು, ಆ ನಾಲ್ಕು ಗಂಟೆ ಹದಿನೇಳು ನಿಮಿಷಕ್ಕೆ ಬೆಲೆಯಿಲ್ಲವೆಂದು. ಒಂದು ಮಾತು ಸಾಕಿತ್ತು. ಎದುರಿಗೆ ಮುದುಕರು ಕೂತಿದ್ದರು. ಅವರ ಮಾನ ಹೋಗುತ್ತದೆ, ನಿನ್ನ ಮಾನ ಹೋಗುತ್ತದೆ, ಸೋಮವಾರ ಹೇಳೋಣ ಎಂದುಕೊಂಡೆ. ಸೋಮವಾರ, ಸುಮ್ಮನೆ ನನಗ್ಯಾಕೆ, ನಿಜವಾಗಿ ಅವನು ಮನೆಯಲ್ಲೇ ಇದ್ದಿರಬಹುದಲ್ಲ ಎಂದುಕೊಂಡೆ. ಹನ್ನೊಂದು ವಾರ ಕಳೆಯಿತು. ಗ್ಲೆನಿಸ್ ವಾರ್ಡ್ ಸತ್ತಳು.

ನನಗೆ ಅವಳ ಗುರುತಿತ್ತು, ಆರ್ನಾಲ್ಡ್. ನಿನಗೆ ಅವಳು ಫೈಲಿನಲ್ಲಿ ನಾಲ್ಕನೆಯವಳು. ನನಗೆ ಬ್ರೆಡ್ಡಿನ ಅಂಗಡಿಯ ಇಪ್ಪತ್ತು ವರ್ಷದ ಹುಡುಗಿ. “ನಿಮ್ಗೆ ಅಂತ ಒಣದ್ರಾಕ್ಷಿ ಜಾಸ್ತಿ ಇರೋದನ್ನೇ ತೆಗ್ದಿಟ್ಟಿದೀನಿ ಆಂಟಿ” ಎನ್ನುತ್ತಿದ್ದಳು.

ನವೆಂಬರಿನಲ್ಲಿ ಲಂಬ್ ಬೇರೆ ಯಾವುದೋ ಕಳ್ಳತನಕ್ಕೆ ಸಿಕ್ಕಿ ಎಲ್ಲ ಒಪ್ಪಿಕೊಂಡ ದಿನ ನೀನು ಮನೆಗೆ ಬಂದು ಟೋಪಿ ಕೂಡ ತೆಗೆಯದೆ ಅಡುಗೆಮನೆಯಲ್ಲಿ ಕೂತೆ. “ಹೆಂಡ್ತಿ ಹಾಕಿದ್ಳಂತೆ ನೋರಾ. ಒಂದು ಹೆಂಗ್ಸು ಉಂಗುರ ಹಾಕಿದ್ಳಂತೆ. ಅದು ಹೇಗಾಗುತ್ತೆ?” ಎಂದು ಅದನ್ನೇ ಕೇಳುತ್ತಿದ್ದೆ. ನಿಮ್ಮಪ್ಪನನ್ನು ಮಣ್ಣು ಮಾಡಿ ಆಗ ಹತ್ತೇ ದಿನ. ನಾನೂ ಹಾಕುತ್ತಿದ್ದೆ ಎನ್ನುವ ಬದಲು ಟೀಗೆ ನೀರಿಟ್ಟೆ. ಆಮೇಲೆ ನಿನ್ನ ಎದುರು ಕೂತು ಊಟ ಮಾಡುವುದೇ ಕಷ್ಟವಾಯಿತು. ಜನವರಿಯಲ್ಲಿ ಡೋರಿಸ್‌ಳ ಮಂಡಿ ನೋವಿನ ನೆಪ ಹೇಳಿ ಇಲ್ಲಿಗೆ ಬಂದೆ. ಅವಳ ಮಂಡಿ ಕಲ್ಲುಗುಂಡಿನಂತಿದೆ, ದಿನಾ ಮೀನು ಮಾರ್ಕೆಟ್ಟಿನ ಮೆಟ್ಟಿಲು ಹತ್ತಿಳಿಯುತ್ತಾಳೆ.

ಹಾಗಾಗಿ ಮಂಗಳವಾರ ನೀನೊಬ್ಬನೇ ನಿಲ್ಲುವುದಕ್ಕೆ ನಾನು ಬಿಡುವುದಿಲ್ಲ. ನನ್ನದೂ ಹೇಳಿಕೆ ತೆಗೆದುಕೊಳ್ಳಿ ಎಂದು ಸಮಿತಿಗೆ ಬರೆದಿದ್ದೆ, ಬನ್ನಿ ಎಂದು ಉತ್ತರ ಬಂದಿದೆ. ಕ್ಲಬ್ಬಿನವರು ಕಪ್ಪಿನ ಮೇಲಿನ ಹೆಸರು ಉಜ್ಜಿ ತೆಗೆಯಲಿ. ಮಿಸೆಸ್ ಹರ್ಸ್ಟ್ ಸಾಯುವವರೆಗೂ ನನ್ನ ಜೊತೆ ಮಾತು ಬಿಡಲಿ. ರಾಜೀನಾಮೆ ಕೊಡಬೇಕೆನಿಸಿದರೆ ನೀನು ಕೊಡು, ನಾನು ಅಡ್ಡ ಬರುವುದಿಲ್ಲ. ಆದರೆ ನಿನ್ನ ಪಾಲಿನ ತಪ್ಪಿಗಷ್ಟೇ ಕೊಡು. ನಿನ್ನ ತಪ್ಪು ಇಷ್ಟೇ: ಹಾಲ್‌ರಾಯ್ಡ್ ಕೇಳಬೇಕೆಂದ, ನೀನು ಕೇಳಲು ಬಿಡಲಿಲ್ಲ. ಅದು ಸಣ್ಣದಲ್ಲ, ನಾನು ಸಣ್ಣದು ಮಾಡುತ್ತಲೂ ಇಲ್ಲ. ಉಳಿದದ್ದು ನನ್ನದು.

ಸೋಮವಾರ ಮಧ್ಯಾಹ್ನ ಎರಡೂವರೆಯ ರೈಲಿಗೆ ಕೋಲ್ಬೆಕ್‌ಗೆ ಬರುತ್ತೇನೆ. ಹೊಟ್ಟೆಗೆ ಸರಿಯಾಗಿ ತಿನ್ನುತ್ತಿದ್ದೀಯೋ ಇಲ್ಲವೋ, ಬರೀ ಟೀ ಕುಡಿದುಕೊಂಡು ಬಿದ್ದಿರುತ್ತೀಯ. ನಿನ್ನನ್ನು ನೋಡಬೇಕೆನಿಸುತ್ತಿದೆ.

ಎಷ್ಟು ಬೈದರೂ ನಿನ್ನವಳೇ ಆದ,
ನೋರಾ

ಮರೆತು ಬಿಟ್ಟದ್ದಲ್ಲ, ಬೇಕೆಂದೇ ಬಿಟ್ಟದ್ದು: ಇದನ್ನು ಮೇಲೆ ಮೂರು ಸಲ ಬರೆದು ಮೂರು ಸಲ ಹರಿದು ಹಾಕಿದೆ. ಹೋದ ಜುಲೈ ತಿಂಗಳಲ್ಲಿ, ಗ್ಲೆನಿಸ್ ಇನ್ನೂ ಬದುಕಿದ್ದಾಗ, ಚರ್ಚಿನ ಚಹಾಕೂಟದ ದಿನ, ಲಂಬ್‌ನ ಹೆಂಡತಿ ಬ್ರೆಂಡಾ ನನ್ನನ್ನು ಹುಡುಕಿಕೊಂಡು ಬಂದಿದ್ದಳು. ಆ ದಿನಕ್ಕೆ ಮೊದಲು ನಾನು ಅವಳ ಜೊತೆ ಎರಡು ಮಾತೂ ಆಡಿದವಳಲ್ಲ. “ಮಿಸೆಸ್ ಸಗ್ಡನ್, ಗಂಡ ಮನೇಲಿಲ್ದೇ ಇದ್ದಾಗ ಹೆಂಡ್ತಿ ಉಂಗುರ ಹಾಕಿದ್ರೆ ತಪ್ಪಾಗುತ್ತಾ? ಯಾರಿಗಾದ್ರೂ ಹೇಳ್ಬೇಕಾ?” ಎಂದು ಕೇಳಿದಳು. ನಾನು ನಕ್ಕುಬಿಟ್ಟೆ. “ಅಯ್ಯೋ ಹುಚ್ಚಿ, ನಾವೆಲ್ಲ ಹಾಕೋರೇ. ಬಾಯಿ ಮುಚ್ಕೊಂಡಿರು” ಎಂದು ಅವಳ ತಟ್ಟೆಗೆ ಕೇಕು ಹಾಕಿ ಕಳಿಸಿದೆ. ಕ್ಲಬ್ಬಿನ ನಿಯಮ ಕೇಳಲು ಯಾವ ಹೆಂಗಸೂ ಪೊಲೀಸ್ ಮುಖ್ಯಸ್ಥನ ಹೆಂಡತಿಯನ್ನು ಹುಡುಕಿಕೊಂಡು ಬರುವುದಿಲ್ಲ. ಅದು ನನಗೆ ಆಗ ಹೊಳೆಯಲಿಲ್ಲವೋ, ಹೊಳೆಯಲು ನಾನು ಬಿಡಲಿಲ್ಲವೋ, ಇವತ್ತಿಗೂ ಗೊತ್ತಿಲ್ಲ. ಇದನ್ನು ಓದಿದ ಮೇಲೆ ರೈಲು ನಿಲ್ದಾಣಕ್ಕೆ ಬರಬೇಕೆನಿಸದಿದ್ದರೆ ಬರಬೇಡ, ನಾನು ಬೇರೆ ಎಲ್ಲಾದರೂ ಉಳಿದುಕೊಂಡು ಮಂಗಳವಾರ ನೇರವಾಗಿ ಸಮಿತಿ ಕೂರುವ ಪುರಭವನಕ್ಕೆ ಹೋಗುತ್ತೇನೆ. ಗ್ಲೆನಿಸ್‌ಳ ತಾಯಿ ದಿನಾ ಮೊದಲ ಸಾಲಿನಲ್ಲೇ ಕೂರುತ್ತಾಳಂತೆ. ಸಮಿತಿಯವರ ಕಡೆಗಲ್ಲ, ಅವಳ ಕಡೆ ಮುಖ ಮಾಡಿ ಹೇಳುತ್ತೇನೆ.