ಆಮಿಗೆ ಹಚ್ಚಿದ ಹಗಲ ದೀಪ

ರಂಗಂಪೇಟೆ

ಮನಿ ಮಾಲಕರಾದ ಸಂಗಮನಾಥ ಅಣ್ಣಾರಿಗೆ, ಜೈಭೀಮ್‌ರಿ.

ಹಗಲೊತ್ತಿನ್ಯಾಗ ಬಲ್ಬ್ ಯಾಕ ಉರಿತದ ಅಂತ ಫೋನಿನ್ಯಾಗ ಸಿಟ್ಟಿಗೆದ್ರಿ, ನನಗ ಮಾತಾಡಾಕ ಬಿಡಲಿಲ್ಲ. ಅದಕ್ಕ ಬರಿಯಾಕತ್ತೇನಿ. ಆ ಬಲ್ಬ್ ನನ್ನ ಮಗಳು ಸಾಕಿದ ಆಮಿಗೆ. ಕಿಟಕಿ ಗಾಜಿನ ಬಿಸಲು ಸಾಲದ ಅದರ ಚಿಪ್ಪು ಮೆತ್ತಗಾಗಿತ್ತು. ಡಾಕ್ಟರ್ ಹೇಳಿದ ಬಲ್ಬ್ ಹಚ್ಚಿದ ಮ್ಯಾಲ ಗಟ್ಟಿ ಆಗ್ಯಾದ.

ಹಗಲ ದೀಪ ಹಚ್ಚಬಾರದಂತ ಕೆಳಗಿನ ಮನ್ಯಾಗಿರೋ ನಿಮ್ಮ ಅವ್ವಾರೂ ಮೊದಲು ಬೈದ್ರು, ನಮ್ಮ ಹೊಸ್ತಿಲ ಆಚಿ ನಿಂತು. ಈಗ ದಿನಾ ಒಳಗ ಬಂದು, ಸಂಜಿ ದೀಪಕ್ಕ ಮುಗಿದಂಗ ಬಲ್ಬಿಗೆ ಕೈ ಮುಗಿದು, ಆಮಿ ಬಾಜೂಕ ಕುಂತು ಮೊಣಕಾಲು ಕಾಸಿಕೊಂತಾರ. ನಿನ್ನಿ ತಾವೇ ಕೇಳಿ ಚಾ ಕುಡದ್ರು, ನಾವು ಕುಡಿಯೋ ಕಪ್ಪಿನ್ಯಾಗ.

ಅಲ್ಲೇ ಇನ್ನೊಂದು ಬಲ್ಬಿಗೆ ಪ್ಲಗ್ ಹಾಕಿಸಿ ಕೊಡ್ರಿ. ಅವ್ವಾರು ಕುಂತ್ರ ಆಮಿಗೆ ಬೆಳಕು ಸಿಗವಲ್ದು. ಏಳ್ರಿ ಅನ್ನಾಕ ನನಗ ಮನಸು ಬರವಲ್ದು.

ನಿಮ್ಮ ಮ್ಯಾಲಿನ ಮನಿ
ಸಾವಿತ್ರಿಬಾಯಿ